ಕೆಂಪು ತುದಿ

ಮನೆಯ ದಿಕ್ಕು ತೋರಿಸುವ ಸೂಜಿಯನ್ನು ಅವಳು ಹಳೆಯ ಟವಲಿನಲ್ಲಿ ಸುತ್ತಿ ಕೈಚೀಲದ ತಳಕ್ಕೆ ಹಾಕಿಕೊಂಡು ಹೊರಟಿದ್ದಳು. ಹೆಜ್ಜೆ ಇಟ್ಟಾಗಲೆಲ್ಲ ಅದರ ಹಿತ್ತಾಳೆಯ ಡಬ್ಬಿ ಸೊಂಟಕ್ಕೆ ತಾಗುತ್ತಿತ್ತು, ತಾಗಿದಾಗಲೆಲ್ಲ ಅವಳಿಗೆ ಸಿಟ್ಟು ಬರುತ್ತಿತ್ತು. ಅಣ್ಣ ಬೆಳಿಗ್ಗೆ ಹಲ್ಲುಜ್ಜುತ್ತ, ಬಾಯಿತುಂಬ ನೊರೆ ಇಟ್ಟುಕೊಂಡೇ, "ಇದನ್ನೂ ತಗೊಂಡ್ಹೋಗು. ಊರಿಗೆಲ್ಲ ಬಳೀತೀಯಲ್ಲ, ನಮ್ಮದಕ್ಕೂ ಒಂದು ಕೈ ಬಳಿದುಬಿಡು. ಊಟದ ಹೊತ್ತಿಗೆ ಮೇಜಿನ ಮೇಲಿರಲಿ" ಎಂದಿದ್ದ. ಹೇಳಿ, ಉಗಿದು, ಬಾಯಿ ಮುಕ್ಕಳಿಸಿ ಒಳಗೆ ಹೋಗಿದ್ದ. ಅವಳ ಮುಖ ನೋಡಿ ಹೇಳಿದ್ದರೆ ಇಷ್ಟು ಉರಿಯುತ್ತಿರಲಿಲ್ಲವೇನೋ. ಬಟ್ಟೆಗೆ ಗುಂಡಿ ಹಾಕಿಸಿಕೊಂಡು ಬಾ ಎಂದು ಹೇಳುವ ಧಾಟಿಯಲ್ಲಿ ಹೇಳಿದ್ದ, ಆ ಡಬ್ಬಿಯೊಳಗೆ ಅವಳ ಅರ್ಧ ಆಯಸ್ಸು ಮುದುರಿಕೊಂಡು ಕೂತಿದೆ ಎಂಬುದು ಅವನಿಗೆ ಗೊತ್ತೇ ಇಲ್ಲವೆನ್ನುವ ಹಾಗೆ. ಗೊತ್ತಿತ್ತು. ಗೊತ್ತಿದ್ದೇ ಹೇಳಿದ್ದು, ಅದಕ್ಕೇ ಮುಖ ನೋಡಲಿಲ್ಲ ಎಂದು ಅವಳಿಗೆ ಬೀದಿಯ ತಿರುವಿನಲ್ಲಿ ಹೊಳೆಯಿತು. ಹೊಳೆದ ಮೇಲೆ ಇನ್ನಷ್ಟು ಉರಿಯಿತು.

ಆಕಾಶದಲ್ಲಿ ಹಗಲಿನಲ್ಲೂ ಆ ಹಸಿರು ಪರದೆ ಇನ್ನೂ ಅಲ್ಲಾಡುತ್ತಿತ್ತು. ಸೂಜಿ ತಿರುಗಿ ವಾರವಾದರೂ ಅದು ಕರಗಿರಲಿಲ್ಲ. ಹಕ್ಕಿಗಳು ಹಾರುವುದನ್ನೇ ಬಿಟ್ಟು ಬೀದಿಯ ಅಂಚಿನಲ್ಲಿ ನಡೆದುಕೊಂಡು ಹೋಗುತ್ತಿದ್ದವು, ಯಾವ ಕಡೆಗೆ ಹಾರಬೇಕೆಂದು ತಿಳಿಯದೆ. ನೆಲದೊಳಗಿನ ಸೆಳೆತ ಹೀಗೆ ಮಗ್ಗುಲು ಬದಲಿಸುವುದು ಒಂದು ಜೀವಮಾನದಲ್ಲಿ ಒಂದು ಸಲ, ಕೆಲವರ ಪಾಲಿಗೆ ಅದೂ ಇಲ್ಲ. ಅಜ್ಜಿ ಕಾದು ಕಾದು ಸತ್ತಿದ್ದಳು. ಇವಳಿಗೆ ಮಾತ್ರ ಸಿಕ್ಕಿತ್ತು. ಆ ದಿನ ಮೊದಲು ಕಿವಿಯ ಹಿಂದೆ ಜುಮ್ಮೆಂದಿತು, ಆಮೇಲೆ ಹಲ್ಲುಗಳ ಬೇರಿನಲ್ಲಿ. ಅತ್ತಿಗೆ ಬಚ್ಚಲಿಗೆ ಓಡಿ ವಾಂತಿ ಮಾಡಿಕೊಂಡಳು. ಊಟದ ಮೇಜಿನ ನಡುವೆ ಡಬ್ಬಿಯೊಳಗಿನ ಸೂಜಿ ಬೆಳಗಿನಿಂದ ತಲೆಕೆಟ್ಟವರ ಹಾಗೆ ಗಿರಗಿರ ಸುತ್ತಿ, ನಿಂತು, ನಡುಗಿ, ಮತ್ತೆ ಸುತ್ತಿ, ಕೊನೆಗೆ ಮಧ್ಯಾಹ್ನದ ಊಟದ ನಡುವೆ ನಿಂತೇಬಿಟ್ಟಿತು. ಸೌಟು ಹಿಡಿದು ನಿಂತಿದ್ದ ಅವಳ ಹೊಟ್ಟೆಯ ಕಡೆಗೆ ಕೆಂಪು ತುದಿ ನೇರವಾಗಿ ತೋರಿಸುತ್ತಿತ್ತು. ಅಮ್ಮ ಅವಳ ಮುಖ ನೋಡಿದಳು. ಅಣ್ಣ ಕೈ ಒರೆಸಿಕೊಳ್ಳುವ ಬಟ್ಟೆಯನ್ನು ನಿಧಾನವಾಗಿ ಬಿಡಿಸಿ ಡಬ್ಬಿಯ ಮೇಲೆ ಮುಚ್ಚಿದ, ಮುಚ್ಚಿ, "ಇನ್ನೆರಡು ಗೆಡ್ಡೆ ಹಾಕು" ಎಂದ. ಅವಳು ಹಾಕಿದಳು. ಹಾಕಿದಳಲ್ಲ, ಅದಕ್ಕೇ ಅವಳಿಗೆ ತನ್ನ ಮೇಲೇ ಹೇಸಿಗೆಯಾಗುತ್ತಿತ್ತು.

ಎಲ್ಲರ ಮನೆಯಲ್ಲೂ ಹೀಗೇ. ಮೇಜಿನ ನಡುವೆ ಸೂಜಿ. ಕೆಂಪು ತುದಿ ತೋರಿಸುವ ಕಡೆಯ ಕುರ್ಚಿ ಯಜಮಾನನದು, ಅದರ ಎದುರಿನದು ಬಾಲದ ಕುರ್ಚಿ. ಬಾಲದ ಕುರ್ಚಿಯವರು ಬಡಿಸಬೇಕು, ಕೊನೆಯಲ್ಲಿ ಉಣ್ಣಬೇಕು, ಕೇಳಿದರೆ ಮಾತ್ರ ಬಾಯಿ ಬಿಡಬೇಕು. ಪಕ್ಕದ ಕುರ್ಚಿಗಳಲ್ಲಿ ಕೂತವರಾದರೂ ಯಜಮಾನ ತಿರುಗಿ ನೋಡಿದಾಗ ನಾಲ್ಕು ಮಾತಾಡಬಹುದು. ಮನೆಯ ತೀರ್ಮಾನಗಳೆಲ್ಲ ಊಟದ ಹೊತ್ತಿನಲ್ಲೇ ಆಗುವುದರಿಂದ ಬಾಲದ ಕುರ್ಚಿಯವರ ಬದುಕು ಅವರ ಕಣ್ಣೆದುರೇ, ಅವರೇ ಬಡಿಸಿದ ತಟ್ಟೆಗಳ ಮೇಲೇ ತೀರ್ಮಾನವಾಗಿಬಿಡುತ್ತದೆ. ಅಪ್ಪ ಇದ್ದಾಗ ಅವಳು ಒಂದು ಸಲ, ಆಗಿನ್ನೂ ಎರಡು ಜಡೆ ಹಾಕುವ ವಯಸ್ಸು, ಊಟದ ನಡುವೆ ಏನೋ ಹೇಳಿಬಿಟ್ಟಿದ್ದಳು. ಶಾಲೆಯ ವಿಷಯ. ಅಪ್ಪ ಗದರಲಿಲ್ಲ, ನಕ್ಕ. "ಅವಸರ ಯಾಕೆ ಮಗಳೇ? ಒಂದಿನ ಸೂಜಿ ತಿರುಗುತ್ತೆ, ಕೆಂಪು ನಿನ್ನ ಕಡೆ ಬರುತ್ತೆ, ಆಗ ನೀನು ಹೇಳು, ನಾವು ಕೇಳ್ತೀವಿ. ಅಲ್ಲೀವರೆಗೆ ಬಾಯಲ್ಲಿ ತುತ್ತಿರಲಿ, ಮಾತು ಬೇಡ." ಎಷ್ಟು ಪ್ರೀತಿಯಿಂದ ಹೇಳಿದ್ದ! ಆ ಪ್ರೀತಿ ನೆನೆದು ಎಷ್ಟು ವರ್ಷ ತುಟಿಪಿಟಕ್ಕೆನ್ನದೆ ಬಡಿಸಿದಳು! ಊರಿನ ಬಾಲದ ಕುರ್ಚಿಯವರಿಗೆಲ್ಲ ಅವರವರ ಅಪ್ಪಂದಿರು, ಗಂಡಂದಿರು ಇದೇ ಮಾತನ್ನು ಇಷ್ಟೇ ಪ್ರೀತಿಯಿಂದ ಹೇಳಿ ಕಿವಿಗೆ ಹೂವಿಟ್ಟಿದ್ದರು. ಈಗ ಸೂಜಿ ತಿರುಗಿದ ಮೂರನೆಯ ದಿನಕ್ಕೇ ಬೀದಿ ಬೀದಿಯಲ್ಲಿ ವ್ಯಾನು ಬಂತು. ಸಾರ್ವಜನಿಕರು ಗಾಬರಿಯಾಗಬೇಕಿಲ್ಲ, ಕೆಂಪು ಎಲ್ಲಿತ್ತೋ ಅಲ್ಲೇ ಇರತಕ್ಕದ್ದು, ಸೂಜಿಗಳಿಗೆ ಮರುಬಣ್ಣ ಬಳಿಸಿಕೊಳ್ಳಿ ಎಂದು ಒಂದು ಹೆಣ್ಣುದನಿ ಮೈಕಿನಲ್ಲಿ ಹೇಳುತ್ತಿತ್ತು. ಆ ಹೆಣ್ಣು ತನ್ನ ಮನೆಯಲ್ಲಿ ಯಾವ ಕುರ್ಚಿಯಲ್ಲಿ ಕೂರುತ್ತಾಳೋ ಎಂದು ಅವಳು ಯೋಚಿಸಿದ್ದಳು.

ಅವಳು ಕೆಲಸ ಮಾಡುವ ಸೂಜಿ ಕಾರ್ಖಾನೆಯ ಮುಂದೆ ಬಾಗಿಲು ತೆರೆಯುವ ಮೊದಲೇ ಸಾಲು ನಿಂತಿತ್ತು. ಒಬ್ಬೊಬ್ಬರ ಕೈಯಲ್ಲೂ ಒಂದೊಂದು ಡಬ್ಬಿ, ಜ್ವರ ಬಂದ ಕೂಸನ್ನು ಎತ್ತಿಕೊಂಡು ಬಂದ ಹಾಗೆ ಎದೆಗೆ ಅವುಚಿಕೊಂಡಿದ್ದರು. ಅವಳು ಸಾಲಿನ ಪಕ್ಕದಲ್ಲೇ ನಡೆದು ಒಳಗೆ ಹೋಗುವಾಗ ಒಂದೊಂದೇ ಮುಖ ನೋಡಿದಳು. ಚಿಕ್ಕ ಸೊಸೆಯಂದಿರು, ಗಂಡ ಸತ್ತ ಚಿಕ್ಕಮ್ಮಂದಿರು, ಕೆಲಸವಿಲ್ಲದ ಮೈದುನಂದಿರು, ಅಕ್ಕನ ಮನೆಯಲ್ಲಿ ಉಳಿದುಬಿಟ್ಟ ತಂಗಿಯರು. ಒಬ್ಬನೇ ಒಬ್ಬ ಯಜಮಾನನಿಲ್ಲ. ಬರುವುದಾದರೂ ಹೇಗೆ, ಇಂಥ ಓಡಾಟದ ಕೆಲಸಗಳಿಗೆಲ್ಲ ಮನೆಯಿಂದ ಕಳಿಸುವುದು ಬಾಲದ ಕುರ್ಚಿಯವರನ್ನೇ. ತಮ್ಮ ಕಡೆಗೆ ತಿರುಗಿದ ಕೆಂಪನ್ನು ತಾವೇ ಹೊತ್ತು ತಂದು, ಕೆರೆದು ತೆಗೆಯಿರಿ ಎಂದು ಕೊಡಲು, ಬಿಸಿಲಿನಲ್ಲಿ ಸಾಲಾಗಿ ನಿಂತಿದ್ದರು. ಅವರಲ್ಲಿ ಒಬ್ಬಳು, ಬಾಚಿದ ತಲೆ, ತೋಳಿನ ಮೇಲೆ ಸುಟ್ಟ ಗಾಯ, ಇವಳ ಸೆರಗು ಹಿಡಿದು, "ಅಕ್ಕಾ, ನಂದು ಸ್ವಲ್ಪ ಬೇಗ ಮಾಡಿಕೊಡಿ, ಊಟದ ಹೊತ್ತಿಗೆ ಹೋಗದಿದ್ರೆ ಬೈತಾರೆ" ಎಂದಳು. ಇವಳಿಗೆ ಕೆನ್ನೆಗೆ ಬಾರಿಸಿಬಿಡೋಣ ಎನ್ನಿಸಿತು. "ಹೂಂ, ಆಗಲಿ" ಎಂದಳು.

ಒಳಗೆ ಮೇಸ್ತ್ರಿ ಆಗಲೇ ಕೂಗಾಡುತ್ತಿದ್ದ. ಮೇಸ್ತ್ರಿಯದು ದೊಡ್ಡ ಗಂಟಲು, ಸಣ್ಣ ಮನಸ್ಸು. "ಕೈ ನಡೀಲಿ, ಬಾಯಲ್ಲ! ಹಳೇ ಕೆಂಪು ಕೆರೀರಿ, ಒರೆಸಿ, ಇನ್ನೊಂದು ತುದಿಗೆ ಬಳೀರಿ, ಅಷ್ಟೇ. ಹೊಸಬರ ಹಾಗೆ ಚಿತ್ರ ಬರೀತಾ ಕೂರಬೇಡಿ." ಅವಳು ತನ್ನ ಸ್ಟೂಲಿನ ಮೇಲೆ ಕೂತಳು, ಚೀಲವನ್ನು ಕಾಲಿನ ಸಂದಿಯಲ್ಲಿ ಇಟ್ಟುಕೊಂಡಳು. ಕೆರೆಯುವುದು, ಸೀಮೆಎಣ್ಣೆಯ ಬಟ್ಟೆಯಲ್ಲಿ ಒರೆಸುವುದು, ಬಳಿಯುವುದು, ಒಣಗಲು ಹಲಗೆಯ ಮೊಳೆಗೆ ಚುಚ್ಚುವುದು. ಈ ಕೈಗೆ ಇದರಲ್ಲಿ ಯೋಚನೆಯೇ ಬೇಕಿಲ್ಲ. ಕಣ್ಣು ಮುಚ್ಚಿದರೂ ಬ್ರಶ್ಶು ತುದಿಯಿಂದ ನಡುವಿನ ತನಕ ಹೋಗಿ, ಒಂದು ಕೂದಲೆಳೆ ಹೆಚ್ಚು ಕಡಿಮೆಯಾಗದೆ, ನಿಲ್ಲುತ್ತದೆ. ಆ ಜಾಣತನಕ್ಕೆ ಹೆಮ್ಮೆಪಟ್ಟಿದ್ದ ದಿನಗಳಿದ್ದವು. ಇವತ್ತು ಆ ಕೈ ಬೇರೆ ಯಾರದೋ ಸಂಬಳದ ಆಳಿನ ಹಾಗೆ ಅವಳ ಮುಂದೆ ಓಡಾಡುತ್ತಿತ್ತು.

ಎದುರು ಬೆಂಚಿನಲ್ಲಿ ತೂಗುವವನು ಸುಮ್ಮನೆ ಕೂತಿದ್ದ. ಸೂಜಿಯ ಒಂದು ತುದಿ ಯಾವಾಗಲೂ ನೆಲದ ಸೆಳೆತಕ್ಕೆ ಸ್ವಲ್ಪ ಕೆಳಗೆ ಬಾಗುತ್ತದೆ, ಅದನ್ನು ಸರಿದೂಗಿಸಲು ಇನ್ನೊಂದು ತುದಿಗೆ ಎಳೆಯಷ್ಟು ತಂತಿ ಸುತ್ತುವುದು ಅವನ ಕೆಲಸ. ಈಗ ಬಾಗುವ ತುದಿ ಬದಲಾಗಿ ಭಾರ ತಪ್ಪು ಕಡೆ ಉಳಿದಿತ್ತು. ಬಣ್ಣ ಬಳಿದು ಒಣಗಿದ ಸೂಜಿಗಳೆಲ್ಲ ಡಬ್ಬಿಗೆ ಹಾಕಿದ ತಕ್ಷಣ ಮೂತಿ ಕೆಳಗೆ ಮಾಡಿ ತಳ ಕೆರೆಯುತ್ತಿದ್ದವು. ಎಲ್ಲರಿಗೂ ಕಾಣುತ್ತಿತ್ತು, ಮೇಸ್ತ್ರಿಗೂ. ತೂಗುವವನು ಎದ್ದು, "ತಂತಿ ಬದಲಾಯಿಸದಿದ್ರೆ ಸಿಕ್ಕಿಹಾಕ್ಕೊಳ್ತವೆ ಮೇಸ್ತ್ರಿ" ಎಂದ. ಮೇಸ್ತ್ರಿ, "ಸಿಕ್ಕಿಹಾಕ್ಕೊಳ್ಳಲಿ ಬಿಡ್ರಿ, ಇನ್ನೂ ಒಳ್ಳೇದು, ಮತ್ತೆ ತಿರುಗೋ ತಾಪತ್ರಯ ಇರಲ್ಲ. ಜನಕ್ಕೆ ಬೇಕಾಗಿರೋದು ಬಣ್ಣ" ಎಂದು ತಾನೇ ಮೆಚ್ಚಿಕೊಂಡು ನಕ್ಕ. ತೂಗುವವನೂ ನಕ್ಕು, "ಸರಿ" ಎಂದು ಕೂತ. ಆ ಸರಿ ಅವಳಿಗೆ ಚೆನ್ನಾಗಿ ಗುರುತಿತ್ತು. ಅದೇ ಸರಿಯನ್ನು ಅವನು ಅವಳ ಮನೆಯಲ್ಲೂ ಹೇಳಿದ್ದ.

ವರ್ಷಗಳ ಹಿಂದೆ ಒಂದು ಮಧ್ಯಾಹ್ನ ತೂಗುವವನು, ಹೆಂಡತಿ ಸತ್ತು ಒಂದೆರಡು ವರ್ಷವಾಗಿತ್ತೇನೋ, ಹೊಸ ಅಂಗಿ ಹಾಕಿಕೊಂಡು ಮನೆಗೆ ಬಂದು, ಮೇಜಿನ ಪಕ್ಕಕ್ಕೆ ಹಾಕಿದ ಸ್ಟೂಲಿನ ಮೇಲೆ ಕೂತು, ನಿಮ್ಮ ತಂಗಿಯನ್ನು ನನಗೆ ಕೊಡಿ ಎಂದು ಅಣ್ಣನನ್ನು ಕೇಳಿದ್ದ. ಅವಳು ಅಡುಗೆಮನೆಯ ಬಾಗಿಲಿಗೆ ಒರಗಿ ನಿಂತಿದ್ದಳು, ಕೈಯಲ್ಲಿ ಸೌಟು. ಅಣ್ಣ ಅಗಿಯುತ್ತಿದ್ದುದನ್ನು ಅಗಿದು ನುಂಗಿ, "ಬೇಡ" ಎಂದ. ಅಷ್ಟೇ. ಕಾರಣವಿಲ್ಲ, ಕೋಪವಿಲ್ಲ. ಒಂದು ಕ್ಷಣ ಬಿಟ್ಟು, "ಉಪ್ಪು ಈ ಕಡೆ ತಳ್ಳು" ಎಂದ. ಉಪ್ಪು, ಸೊಪ್ಪಿನ ಪಾತ್ರೆ, ನೀರಿನ ಹೂಜಿ ಎಲ್ಲ ಇರುವುದು ಬಾಲದ ಕುರ್ಚಿಯ ಕಡೆಗೇ. ಅವಳು ಬಂದು ತನ್ನ ಕುರ್ಚಿಯ ತುದಿಯಲ್ಲಿ ಕೂತು, ಉಪ್ಪಿನ ಬಟ್ಟಲನ್ನು ಮೇಜಿನ ಉದ್ದಕ್ಕೂ ತಳ್ಳಿದಳು. ಅದು ಸೂಜಿಯ ಡಬ್ಬಿಗೆ ತಾಗಿ, ತಿರುಗಿ, ಅಣ್ಣನ ಕೈಗೆ ಹೋಯಿತು. ಅತ್ತಿಗೆ ಮಾತ್ರ ಬಾಯಿ ತೆರೆದಿದ್ದಳು. ಅಣ್ಣ ಅವಳ ಕಡೆ ನೋಡದಿದ್ದರೂ, "ಅಲ್ಲ, ಒಂದು ಮಾತು ಅವಳನ್ನೂ" ಎಂದು ಶುರುಮಾಡಿದ್ದಳು. ಆಗ ಮೇಜಿನ ಕೆಳಗೆ ಅತ್ತಿಗೆಯ ಪಾದವನ್ನು ಮೆಟ್ಟಿ ಸುಮ್ಮನಾಗಿಸಿದವಳು ಇವಳೇ. ಮನೆಯಲ್ಲಿ ಗಲಾಟೆ ಆಗದಿರಲಿ ಎಂದು! ಅತ್ತಿಗೆ ಇವಳನ್ನು ನೋಡಿದ ರೀತಿ, ಆಮೇಲೆ ತಟ್ಟೆಗೆ ತಲೆ ಬಗ್ಗಿಸಿದ ರೀತಿ ಇವತ್ತಿಗೂ ಗಂಟಲಲ್ಲಿ ಮುಳ್ಳಾಗಿದೆ. ಆ ದಿನದಿಂದ ಅತ್ತಿಗೆ ಇವಳ ಪರವಾಗಿ ತುಟಿ ಬಿಚ್ಚಿದ್ದಿಲ್ಲ. ತೂಗುವವನು "ಸರಿ" ಎಂದು, ತಟ್ಟೆಗೆ ಬಡಿಸಿದ್ದನ್ನೆಲ್ಲ ಉಳಿಸದೆ ಉಂಡು, ಕೈ ತೊಳೆದು ಹೊರಟ. ಬಾಗಿಲಲ್ಲಿ ಚಪ್ಪಲಿ ಮೆಟ್ಟುತ್ತ, "ಸೂಜಿ ತಿರುಗಲಿ, ಆಗ ನೀವೇ ಹೇಳೀರಂತೆ" ಎಂದು ಅವಳಿಗೆ ಮಾತ್ರ ಕೇಳುವ ಹಾಗೆ ಪಿಸುಗುಟ್ಟಿದ. ಇಬ್ಬರೂ ನಕ್ಕಿದ್ದರು. ನಗುವಂಥದ್ದು ಏನಿತ್ತು?

ಬ್ರಶ್ಶನ್ನು ಬಣ್ಣದ ಡಬ್ಬಿಯ ಮೇಲೆ ಅಡ್ಡ ಇಟ್ಟು ಅವಳು ಎದ್ದು ಅವನ ಬೆಂಚಿನ ಹತ್ತಿರ ಹೋದಳು.

"ತಿರುಗಿತಲ್ಲ" ಎಂದಳು.

"ಹೂಂ, ತಿರುಗಿತು" ಎಂದ ಅವನು, ತಂತಿಯ ಉಂಡೆಯನ್ನು ಬೆರಳಿನಲ್ಲಿ ಉರುಳಿಸುತ್ತ.

"ನಮ್ಮನೆ ಸೂಜಿ ಚೀಲದಲ್ಲಿದೆ. ಬಳಿಯೋಕೆ ಕೊಟ್ಟಿದಾನೆ ಅಣ್ಣ."

ಅವನು ಮೇಸ್ತ್ರಿ ಎಲ್ಲಿದ್ದಾನೆಂದು ನೋಡಿದ. ಆಮೇಲೆ ತಗ್ಗಿದ ದನಿಯಲ್ಲಿ, "ಬಳಿದುಬಿಡಿ. ಸುಮ್ನೆ ಯಾಕೆ ಈ ವಯಸ್ಸಲ್ಲಿ ಮೈಮೇಲೆ ಎಳ್ಕೊಳ್ಳೋದು? ದಿನಾ ನೋಡ್ತೀವಿ, ಮಾತಾಡ್ತೀವಿ, ಹೀಗೇ ಚೆನ್ನಾಗಿದೀವಲ್ಲ" ಎಂದ.

"ನೀವು ಚೆನ್ನಾಗಿದೀರಿ" ಎಂದಳು ಅವಳು.

"ಕೋಪ ಮಾಡ್ಕೋಬೇಡಿ. ನಮ್ಮನೇಲೂ ಹೇಳಿದ್ರು, ನಂದೂ ತಂದಿದೀನಿ. ನಿಮ್ಮ ಕೈಲಿ ಆದ್ರೆ ಅದಕ್ಕೂ ಒಂದು..." ಎಂದು ಅವನು ಬೆಂಚಿನ ಕೆಳಗಿಂದ ಡಬ್ಬಿ ತೆಗೆಯಲು ಬಗ್ಗಿದ. ಬಗ್ಗಿದ ಅವನ ನೆತ್ತಿಯ ಬೋಳು, ಎಷ್ಟೋ ವರ್ಷದಿಂದ ಅವಳು ಮನಸ್ಸಿನಲ್ಲೇ ಕೈಯಾಡಿಸಿದ್ದ ಜಾಗ, ತೀರಾ ಪರಕೀಯವಾಗಿ ಕಂಡಿತು. ಅವನೂ ತನ್ನ ತಮ್ಮನ ಮನೆಯಲ್ಲಿ ಬಾಲದ ಕುರ್ಚಿಯವನು ಎಂಬುದು ಅವಳಿಗೆ ಮರೆತೇಹೋಗಿತ್ತು. ಇವನಿಗಾಗಿಯೇ ತಾನು ಸೂಜಿಯ ದಾರಿ ಕಾದದ್ದೇ? ಇವನು ಸಿಕ್ಕಿದ್ದರೂ ಇಬ್ಬರೂ ಸೇರಿ ಯಾರಿಗೋ ಬಡಿಸುತ್ತ ಕೂತಿರುತ್ತಿದ್ದರು, ಅಷ್ಟೇ. ಅವಳು ತನ್ನ ಜಾಗಕ್ಕೆ ಬಂದಳು. ಅವಳಿಗೆ ಅಳು ಬರಬೇಕಿತ್ತು, ಬರಲಿಲ್ಲ. ಮೈಯೆಲ್ಲ ಕಾದ ಹೆಂಚಾಗಿತ್ತು. ಅಣ್ಣ, ಅಪ್ಪ, ವ್ಯಾನಿನ ಹೆಂಗಸು, ಸಾಲಿನಲ್ಲಿ ನಿಂತ ಪೆದ್ದರು, ಈ ಸರಿ ಎನ್ನುವವನು, ಎಲ್ಲರನ್ನೂ ಒಂದೇ ಉಸಿರಿನಲ್ಲಿ ಬೈದುಕೊಳ್ಳುತ್ತ ಕೆರೆದಳು, ಒರೆಸಿದಳು, ಬಳಿದಳು, ಚುಚ್ಚಿದಳು, ಮತ್ತೊಂದನ್ನು ತೆಗೆದುಕೊಂಡಳು. ಕಿಟಕಿಯಾಚೆ ಹಸಿರು ಪರದೆ ಅಲ್ಲಾಡುತ್ತಿತ್ತು. ಅಪ್ಪ ಸಾಯುವ ದಿನ ಅವಳ ಕೈ ಹಿಡಿದು ಇನ್ನೇನು ತಿರುಗುತ್ತೆ ನೋಡು ಎಂದದ್ದು ನೆನಪಾಯಿತು. ಆಗಲೂ ಸುಳ್ಳು, ಸಾಯುವಾಗಲೂ. ಕೆರೆಯುತ್ತಿದ್ದ ಚಾಕುವಿನ ಕೆಳಗೆ ಒಂದು ಸಣ್ಣ ಗೀರು ಕಂಡಿತು. ಬಾಲ್ಯದಲ್ಲಿ ಅವಳೇ ಪಿನ್ನಿನಿಂದ ಎಳೆದ ಗೀರು. ಕೆಲಸದ ಬೆಂಚಿನ ಮೇಲಿದ್ದುದು ಅವರ ಮನೆಯ ಡಬ್ಬಿ, ಚಾಕುವಿನ ಕೆಳಗಿದ್ದುದು ಅವರ ಮನೆಯ ಸೂಜಿ. ಯಾವಾಗ ಚೀಲದಿಂದ ತೆಗೆದಳು, ಯಾವಾಗ ಡಬ್ಬಿ ಬಿಚ್ಚಿದಳು, ಒಂದೂ ತಿಳಿಯದೆ ಕೈ ತನ್ನಷ್ಟಕ್ಕೆ ತಾನು ಅರ್ಧ ಕೆಂಪನ್ನು ಕೆರೆದುಹಾಕಿತ್ತು.

ಅವಳು ಚಾಕುವನ್ನು ಕೆಳಗಿಟ್ಟಳು. ತನ್ನ ಬಲಗೈಯನ್ನು ಎಡಗೈಯಿಂದ ಹಿಡಿದುಕೊಂಡಳು, ಕಳ್ಳನನ್ನು ಹಿಡಿದ ಹಾಗೆ. ಅಣ್ಣ ಬೇಕಾಗಿಯೇ ಇರಲಿಲ್ಲ, ಈ ಕೈಯೊಂದೇ ಸಾಕಾಗಿತ್ತು. ಅರ್ಧ ಕೆರೆದ ಸೂಜಿಯನ್ನು ಹಾಗೇ ಡಬ್ಬಿಯೊಳಗಿಟ್ಟು, ಚೀಲಕ್ಕೆ ತುರುಕಿ, ಎದ್ದಳು. ಮೇಸ್ತ್ರಿ, "ಎಲ್ಲಿಗೆ? ಇಷ್ಟು ಜನ ಕಾಯ್ತಿದಾರೆ!" ಎಂದು ಕೂಗಿದ. "ಕಾಯಲಿ, ಅಭ್ಯಾಸ ಇದೆ ಅವರಿಗೆ" ಎಂದು ಅವಳು ಹೊರಗೆ ನಡೆದಳು. ಬಾಗಿಲ ಹತ್ತಿರ ತೋಳು ಸುಟ್ಟುಕೊಂಡವಳು ಆಸೆಯಿಂದ ನೋಡಿದಳು. ಇವಳು ಅವಳ ಡಬ್ಬಿಯ ಮುಚ್ಚಳವನ್ನು ತಟ್ಟಿ, "ಮನೆಗೆ ಹೋಗು" ಎಂದಳು. ಅವಳು ಹೋಗಲಿಲ್ಲ, ಸಾಲಿನಲ್ಲಿ ಒಂದು ಹೆಜ್ಜೆ ಮುಂದೆ ಬಂದಳು.

ಮನೆಯಲ್ಲಿ ಮೇಜಿನ ಮೇಲೆ ತಟ್ಟೆಗಳು ಆಗಲೇ ಇದ್ದವು. ಅಮ್ಮ ಒಂದು ಪಕ್ಕಕ್ಕೆ, ಅತ್ತಿಗೆ ಇನ್ನೊಂದು ಪಕ್ಕಕ್ಕೆ. ಅವಳು ಡಬ್ಬಿಯನ್ನು ನಡುವೆ ಇಟ್ಟು ಮುಚ್ಚಳ ತೆಗೆದಳು. ಸೂಜಿ ಒಂದಿಷ್ಟು ತೂಗಾಡಿ, ತಂತಿ ಸುತ್ತಿದ ಬಿಳಿಯ ತುದಿ ಭಾರಕ್ಕೆ ತಗ್ಗಿ, ಗೀಚುಗೀಚಾದ ಕೆಂಪು ತುದಿ ಮೂತಿ ಎತ್ತಿ, ಬಾಲದ ಕುರ್ಚಿಯ ಕಡೆಗೆ ನಿಂತಿತು. ಅಣ್ಣ ಕೈ ಒರೆಸಿಕೊಳ್ಳುತ್ತ ಬಂದು ಕೂತು, ನೋಡಿದ.

"ಇದೇನು?" ಎಂದ.

ಕೇಳಿದ್ದರಿಂದ ಅವಳು ಹೇಳಬಹುದಿತ್ತು. ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡೇ ಬಂದಿದ್ದಳು. "ಬಳೀಲಿಲ್ಲ" ಎಂದಳು.

"ಕೆರೆದಿದೀಯಲ್ಲ."

"ಕೆರೆದೆ. ಬಳೀಲಿಲ್ಲ."

ಅಣ್ಣ ಅವಳನ್ನು ನೋಡಿದ. ಮುಖವನ್ನೇ ನೋಡಿದ, ಬೆಳಿಗ್ಗೆ ನೋಡದಿದ್ದ ಮುಖವನ್ನು. ಈಗ ಕೂಗುತ್ತಾನೆ, ತಟ್ಟೆ ಎಸೆಯುತ್ತಾನೆ ಎಂದು ಅವಳು ಮೈ ಬಿಗಿಹಿಡಿದಳು, ಕೂಗಲಿ ಎಂದು ಆಸೆಪಟ್ಟಳು. ಅವನು ಕೂಗಲಿಲ್ಲ. ಮುಗುಳ್ನಕ್ಕ, ಅಪ್ಪ ನಕ್ಕ ಹಾಗೇ. "ಆಯ್ತು, ಸೂಜಿ ಹೇಳಿದ ಹಾಗೇ ಆಗಲಿ" ಎಂದು ತನ್ನ ತಟ್ಟೆಯನ್ನು ಕೈಯಲ್ಲೆತ್ತಿಕೊಂಡು ಎದ್ದ, ಮೇಜನ್ನು ಬಳಸಿಕೊಂಡು ಬಂದ, ಅವಳ ಕುರ್ಚಿಯನ್ನು ಎಳೆದು ಕೂತ. "ಕೆಂಪು ಇರೋ ಕಡೆ ಯಜಮಾನ. ಹೋಗು, ನೀನು ಅಲ್ಲಿ ಕೂತ್ಕೋ."

ಇಷ್ಟೇ. ಊರಿಗೆ ಊರೇ ಬಿಸಿಲಿನಲ್ಲಿ ನಿಂತು, ಬಣ್ಣ ಕೆರೆದು ಬಣ್ಣ ಬಳಿದು ಒದ್ದಾಡುತ್ತಿದ್ದರೆ, ಇವನು ಒಂದು ಮೇಜನ್ನು ಸುತ್ತಿ ಬಂದು ಕೂತುಬಿಟ್ಟ. ಇಷ್ಟು ಸುಲಭವಾಗಿತ್ತು. ಸೌಟು ಕೈಯಲ್ಲಿದ್ದಿದ್ದರೆ ಅವನ ತಲೆಯ ಮೇಲೆ ಬೀಳುತ್ತಿತ್ತು, ಅದು ಸೊಪ್ಪಿನ ಪಾತ್ರೆಯೊಳಗೆ ಇತ್ತು. ಅವಳು ಮೇಜಿನ ಆ ತುದಿಗೆ ನಡೆದು ಹೋಗಿ ಅಣ್ಣನ ಕುರ್ಚಿಯಲ್ಲಿ ಕೂತಳು. ಕುರ್ಚಿ ಇನ್ನೂ ಬೆಚ್ಚಗಿತ್ತು. ಮೆತ್ತೆ ಇತ್ತು, ಕೈ ಇಡಲು ಹಿಡಿಗಳಿದ್ದವು, ಕಿಟಕಿಯ ಗಾಳಿ ಕತ್ತಿಗೆ ಬೀಸುತ್ತಿತ್ತು. ಇಲ್ಲಿಂದ ನೋಡಿದರೆ ಅಡುಗೆಮನೆಯ ಬಾಗಿಲು ಒಂದು ಕಪ್ಪು ಚೌಕ. ಆ ಚೌಕದೊಳಗೆ ನಿಂತಿದ್ದವಳ ಮುಖ ಇವನಿಗೆ ಇಷ್ಟು ವರ್ಷ ಸರಿಯಾಗಿ ಕಂಡೇ ಇರಲಿಕ್ಕಿಲ್ಲ. ಈಗ ಆ ಚೌಕದ ಮುಂದೆ ಅಣ್ಣ ಕೂತಿದ್ದ. ಒಲೆಯ ಶಾಖ ಬೆನ್ನಿಗೆ ಹೊಡೆಯುತ್ತಿತ್ತು. ಒಂದು ಕಾಲು ಗಿಡ್ಡವಿರುವ ಕುರ್ಚಿ ಅವನು ಅಲುಗಿದಾಗಲೆಲ್ಲ ಟಕ್ಕೆನ್ನುತ್ತಿತ್ತು. ಸೊಪ್ಪಿನ ಪಾತ್ರೆ, ಹೂಜಿ, ಗೆಡ್ಡೆಯ ತಪ್ಪಲೆ ಎಲ್ಲ ಅವನ ಮೊಣಕೈ ಸುತ್ತ ಸಂತೆ ಸೇರಿದ್ದವು.

"ಎದ್ದು ಬಡಿಸು" ಎಂದ ಅಣ್ಣ.

ಅವಳು ಏಳಲಿಲ್ಲ. ಅಮ್ಮ ಏಳಲು ಹೋಗಿ, ಅವಳ ಮುಖ ನೋಡಿ, ಹಾಗೇ ಕೂತಳು. ಅತ್ತಿಗೆ ತನ್ನ ತಟ್ಟೆಯ ಅಂಚನ್ನು ಬೆರಳಿನಿಂದ ಸವರುತ್ತಿದ್ದಳು. ಪಾತ್ರೆಗಳು ಅಣ್ಣನ ಕಡೆಗೆ ಇದ್ದವು, ಹಸಿವೂ ಅಣ್ಣನಿಗೇ ಇತ್ತು. ಸ್ವಲ್ಪ ಹೊತ್ತು ನೋಡಿ, ಹಲ್ಲು ಕಚ್ಚಿ, ಅವನೇ ಸೌಟು ಹಿಡಿದ. ತನಗೆ ಹಾಕಿಕೊಂಡ, ಅಂಗಿಯ ಮೇಲೆ ಚೆಲ್ಲಿಕೊಂಡ. ಅತ್ತಿಗೆ ತಟ್ಟೆಯನ್ನು ಮುಂದೆ ಮಾಡಿದಳು, ಅವಳಿಗೂ ಹಾಕಬೇಕಾಯಿತು. ಅಮ್ಮನಿಗೆ, ಆಮೇಲೆ ಅತ್ತಿಗೆಯ ಕೈಯಿಂದ ದಾಟಿ ಬಂದ ತಟ್ಟೆಗೆ, ತಂಗಿಗೆ. ಕುರ್ಚಿ ಟಕ್ಕೆಂದಿತು. ಅವನ ಹಣೆಯಲ್ಲಿ ಬೆವರಿತ್ತು.

"ಇಲ್ಲಿ ಮನುಷ್ಯರು ಕೂರೋಕಾಗಲ್ಲ" ಎಂದ. "ಊಟ ಆದ ತಕ್ಷಣ ಆ ದರಿದ್ರ ಸೂಜಿಗೆ ಬಣ್ಣ ಬಳಿದುಬಿಡು. ಮೊದಲಿದ್ದ ಹಾಗೇ ಇರೋಣ."

ಅವಳು ಬಾಯಲ್ಲಿದ್ದುದನ್ನು ಅಗಿದು ನುಂಗಿದಳು. "ಬೇಡ" ಎಂದಳು.

ದನಿ ಏರಿರಲಿಲ್ಲ. ತನ್ನ ಗಂಟಲಿನಿಂದ ಬಂದರೂ ಅದು ಅವತ್ತಿನ ಅಣ್ಣನ ‘ಬೇಡ’ವೇ ಎಂದು ಅವಳಿಗೆ ಗೊತ್ತಾಯಿತು. ಇಷ್ಟು ವರ್ಷ ಒಳಗಿಟ್ಟುಕೊಂಡಿದ್ದನ್ನು ಹಾಗೇ ವಾಪಸು ಕೊಟ್ಟಿದ್ದಳು. ಅಣ್ಣ ತುತ್ತನ್ನು ಕೈಯಲ್ಲೇ ಹಿಡಿದು ಅವಳನ್ನು ನೋಡುತ್ತಿದ್ದ. ಅವಳು ಸೊಪ್ಪನ್ನು ನಾಲಿಗೆಗೆ ಹಚ್ಚಿ ನೋಡಿದಳು. ಸಪ್ಪೆ.

"ಉಪ್ಪು ಈ ಕಡೆ ತಳ್ಳು."

ಉಪ್ಪಿನ ಬಟ್ಟಲು ಅವನ ಮೊಣಕೈ ಹತ್ತಿರವೇ ಇತ್ತು. ಅವನು ಅಮ್ಮನ ಕಡೆ ನೋಡಿದ, ಅಮ್ಮ ತಟ್ಟೆ ನೋಡುತ್ತಿದ್ದಳು. ಅತ್ತಿಗೆಯ ಕಡೆ ನೋಡಲಿಲ್ಲ. ನೋಡದಿದ್ದರೂ ಅತ್ತಿಗೆ ತಲೆ ಎತ್ತಿ, "ಕೇಳಿಸ್ಲಿಲ್ವಾ? ಉಪ್ಪು ಕೇಳ್ತಿದಾಳೆ" ಎಂದಳು. ಮೇಜಿನ ಕೆಳಗೆ ಯಾರೂ ಅತ್ತಿಗೆಯ ಪಾದವನ್ನು ಮೆಟ್ಟಲಿಲ್ಲ. ಇವಳು ಮೇಜಿನ ಮೇಲೆ ಕೈ ಚಾಚಿ, ಅಂಗೈ ಬಿಡಿಸಿಟ್ಟುಕೊಂಡು, ಕಾಯುತ್ತ ಕೂತಳು.